ಕೋಸ್ಟ್ ಗಾರ್ಡ್ ಶುರುವಾಗಿದ್ದೇ 1977ರಲ್ಲಿ, ಅಜ್ಜ ಅದಕ್ಕೂ ಮುಂಚೆ ಕರಾವಳಿ ಗಸ್ತು ಹಡಗಲ್ಲಿದ್ದೆ ಅಂತಾರೆ. ಯಾವುದನ್ನ ನಂಬೋದು? ಹಡಗುಗಳ ಪಟ್ಟಿ ಮಾಡ್ಕೊಂಡು ಆಮೇಲೆ ಅಜ್ಜನ್ನ ಕೇಳ್ತೀನಿ.

ಅಜ್ಜನ್ನ ನಂಬಿ. ನಾನು ನೆಟ್ ನಂಬಿ ನಮ್ಮ ಚಿಕ್ಕಪ್ಪನ ಬಾಯಿ ಮುಚ್ಚಿಸಿಬಿಟ್ಟೆ, ಅದಕ್ಕೇ ಇಷ್ಟುದ್ದ ಬರೀತಿದ್ದೀನಿ.

ಚಿಕ್ಕಪ್ಪ ನೇವಿಗೆ ಸೇರಿ ಆಮೇಲೆ ಡೆಪ್ಯುಟೇಶನ್ ಮೇಲೆ ಕೋಸ್ಟ್ ಗಾರ್ಡ್‌ಗೆ ಬಂದೋರು. ಯಾವ ಹಡಗು ಅಂದ್ರೆ ಕಿರ್ಪಾನ್ ಅನ್ನೋರು. ಬಾಯ್ಲರ್ ರೂಂ ಡ್ಯೂಟಿ. ಏಣಿಯ ಕಂಬಿ ಬರಿಗೈಲಿ ಹಿಡಿಯೋಕೆ ಆಗ್ತಿರ್ಲಿಲ್ಲ, ಕಾಟನ್ ವೇಸ್ಟ್ ಸುತ್ಕೊಂಡು ಇಳೀತಿದ್ವಿ ಅಂತ ಅಂಗೈ ತೋರಿಸಿ ಹೇಳೋರು. ನಾನು ಫೋನ್ ತೆಗೆದು ಹುಡುಕಿದೆ. ಕಿರ್ಪಾನ್, 1991ರಲ್ಲಿ ನೇವಿ ಸೇರಿದ ಕಾರ್ವೆಟ್ ಅಂದ್ರೆ ಸಣ್ಣ ಯುದ್ಧನೌಕೆ, ಡೀಸೆಲ್ ಎಂಜಿನ್, 2023ರಲ್ಲಿ ವಿಯೆಟ್ನಾಂಗೆ ಕೊಟ್ಟಿದ್ದು. "ಚಿಕ್ಕಪ್ಪ, ಅದ್ರಲ್ಲಿ ಬಾಯ್ಲರೇ ಇಲ್ಲ, ನಿಮಗೆ ಬೇರೆ ಯಾವ್ದೋ ಹಡಗಿನ ನೆನಪಿರ್ಬೇಕು" ಅಂದೆ, ಅದೂ ಮನೆ ತುಂಬ ಜನ ಇದ್ದಾಗ. "ಇರ್ಬಹುದು ಬಿಡೋ" ಅಂದ್ರು. ಆಮೇಲೆ ಹಡಗಿನ ಮಾತೇ ಎತ್ತಲಿಲ್ಲ, ಕೇಳಿದ್ರೂ ಬೇರೆ ಮಾತಿಗೆ ಹೋಗ್ತಿದ್ರು. ಈಗ ಅವರಿಲ್ಲ.

ಇಲ್ಲಿ ಎಡವಿದ್ದು ಎಲ್ಲಿ ಅಂತ ಸರಿಯಾಗಿ ಹೇಳ್ಬೇಕು. ಹಳೇ ಹಡಗು ನಿವೃತ್ತಿ ಆದ್ಮೇಲೆ ಅದೇ ಹೆಸರನ್ನ ಹೊಸದಕ್ಕೆ ಇಡ್ತಾರೆ. 1991ರದ್ದು ಎರಡನೇ ಕಿರ್ಪಾನ್. ಮೊದಲನೇದು ಬ್ರಿಟನ್ನಲ್ಲಿ ಕಟ್ಟಿದ ಸ್ಟೀಮ್ ಟರ್ಬೈನ್ ಫ್ರಿಗೇಟ್, ಅಂದ್ರೆ ಹಬೆಯಿಂದ ಓಡೋ ಯುದ್ಧನೌಕೆ, 1971ರ ಯುದ್ಧದಲ್ಲಿ ಡಿಸೆಂಬರ್ 9ರ ರಾತ್ರಿ ದಿಯು ಹತ್ರ ನಮ್ಮ ನೇವಿಯ ಖುಕ್ರಿ ಹಡಗು ಮುಳುಗಿದಾಗ ಅದರ ಜೊತೆಗಿದ್ದ ಹಡಗು. ಸ್ಟೀಮ್ ಅಂದ್ಮೇಲೆ ಬಾಯ್ಲರ್ ಇರದೇ ಇರುತ್ತಾ? ಮುಂದೆ ಕೋಸ್ಟ್ ಗಾರ್ಡ್ ಶುರು ಮಾಡುವಾಗ ನೇವಿಯವರು ಇದೇ ಕಿರ್ಪಾನ್, ಜೊತೆಗೆ ಕುಠಾರ್ ಅನ್ನೋ ಇನ್ನೊಂದು ಫ್ರಿಗೇಟ್, ಮತ್ತೆ ಐದು ಸಣ್ಣ ಗಸ್ತು ಬೋಟ್ ಕೊಟ್ರು. ಚಿಕ್ಕಪ್ಪ ಹೇಳಿದ್ದರಲ್ಲಿ ಒಂದಕ್ಷರ ತಪ್ಪಿರ್ಲಿಲ್ಲ. ನನಗೆ ಇನ್ನೂ ಬೇಜಾರಾಗೋದು ಏನಂದ್ರೆ 1991ರ ಹೊತ್ತಿಗೆ ಅವರು ರಿಟೈರ್ ಆಗಿ ಮನೇಲಿದ್ರು, ಅದು ನನಗೆ ಗೊತ್ತಿದ್ದ ವಿಷಯ, ಇಸವಿ ತಾಳೆ ಆಗ್ತಿಲ್ಲ ಅಂತ ಕಣ್ಣಿಗೆ ಕಾಣ್ತಿದ್ರೂ ನಾನು ಅನುಮಾನ ಪಟ್ಟಿದ್ದು ಅವರ ನೆನಪನ್ನ, ನಾನು ಹುಡುಕಿದ್ದನ್ನಲ್ಲ.

ಈಗ ನಿಮ್ಮ ಅಜ್ಜನ ವಿಷಯ. 1977ಕ್ಕೆ ಮುಂಚೆ ಕರಾವಳಿ ಗಸ್ತೇ ಇರ್ಲಿಲ್ಲ ಅಂತ ನೀವಂದ್ಕೊಂಡಿದ್ದೇ ತಪ್ಪು. ಅರವತ್ತರ ದಶಕದಲ್ಲಿ ಸಮುದ್ರದಿಂದ ಕಳ್ಳಸಾಗಣೆ ಎಷ್ಟಿತ್ತು ಅಂದ್ರೆ ಕಸ್ಟಮ್ಸ್‌ನವರು ಗಸ್ತಿಗೆ, ಬೋಟ್ ಹಿಡಿಯೋಕೆ ಪದೇಪದೇ ನೇವಿ ಸಹಾಯ ಕೇಳ್ತಿದ್ರು. ಯುದ್ಧಕ್ಕೆ ಅಂತ ಇರೋ ಹಡಗನ್ನ ಎಷ್ಟು ದಿನ ಅಂತ ಕಳ್ಳರ ಹಿಂದೆ ಓಡಿಸ್ತಾರೆ? ಅದಕ್ಕೇ ಏನು ಮಾಡ್ಬೇಕು ಅಂತ ನೋಡೋಕೆ 1974ರಲ್ಲಿ ರುಸ್ತಮ್‌ಜಿ ಸಮಿತಿ ಬಂತು, ಗಡಿ ಕಾಯೋ ಬಿಎಸ್‌ಎಫ್ ಕಟ್ಟಿದ ಅದೇ ರುಸ್ತಮ್‌ಜಿ. ಮುಂಬೈ ಆಚೆ ಸಮುದ್ರದಲ್ಲಿ ಬಾಂಬೆ ಹೈ ಅನ್ನೋ ಕಡೆ ಎಣ್ಣೆ ಸಿಕ್ಕಿದ್ದು, ಸಮುದ್ರದ ಮೇಲೆ 200 ನಾಟಿಕಲ್ ಮೈಲಿವರೆಗಿನ ಹಕ್ಕು ಬಂದಿದ್ದು ಎಲ್ಲಾ ಹೆಚ್ಚುಕಮ್ಮಿ ಆಗಲೇ, ಅಂದ್ರೆ ಕಾಯೋದು ಇನ್ನೂ ಜಾಸ್ತಿ ಆಯ್ತು. ಕೋಸ್ಟ್ ಗಾರ್ಡ್ 1977ರ ಫೆಬ್ರವರಿ 1ಕ್ಕೆ ತಾತ್ಕಾಲಿಕವಾಗಿ ಶುರುವಾಗಿ 1978ರ ಆಗಸ್ಟ್‌ನಲ್ಲಿ ಕಾಯ್ದೆ ಆಯ್ತು. ನಿಮ್ಮಜ್ಜ ಅದಕ್ಕೂ ಮುಂಚೆ ನೇವಿ ಹಡಗಲ್ಲೋ ಕಸ್ಟಮ್ಸ್ ಬೋಟಲ್ಲೋ ಗಸ್ತು ತಿರುಗಿರಬಹುದು, ಅದರಲ್ಲಿ ಆಶ್ಚರ್ಯ ಏನೂ ಇಲ್ಲ.

ಹಡಗುಗಳ ಪಟ್ಟಿ ಮಾಡ್ಕೊಂಡು ಆಮೇಲೆ ಅಜ್ಜನ್ನ ಕೇಳ್ತೀನಿ ಅಂತ ಬರ್ದಿದ್ದೀರ, ದಯವಿಟ್ಟು ಉಲ್ಟಾ ಮಾಡಿ. ಪಟ್ಟಿ ಎಲ್ಲಿಗೂ ಓಡಿಹೋಗಲ್ಲ. ಎಂಜಿನ್ ಯಾವ್ದು, ಎಲ್ಲಿ ಮಲಗ್ತಿದ್ರಿ, ವಾಚ್ ಅಂದ್ರೆ ಡ್ಯೂಟಿ ಪಾಳಿ ಎಷ್ಟು ಗಂಟೆದು, ದೋಣಿ ತಪಾಸಣೆಗೆ ಹತ್ತೋರು ಯಾರು, ಹೀಗೆ ಕೇಳಿ, ಮಧ್ಯೆ ಫೋನ್ ತೆಗೀಬೇಡಿ. ಪೆನ್ಷನ್ ಕಾಗದ, ಸರ್ವಿಸ್ ದಾಖಲೆ ಏನಿದ್ರೂ ತೆಗೆಸಿ ಇಸವಿ ಬರ್ಕೊಳ್ಳಿ. ಹಳೇ ಫೋಟೋ ಇದ್ರೆ ಹಡಗಿನ ಪಕ್ಕ ಬರೆದಿರೋ ನಂಬರ್ ನೋಡಿ. ಬರೀ ಹೆಸರಿಟ್ಕೊಂಡು ಹುಡುಕಿದ್ರೆ ಕೋಸ್ಟ್ ಗಾರ್ಡ್‌ನ ವಿಕ್ರಮ್ ಹಡಗು ಅಂದ್ರೂ ಎರಡು ಸಿಗುತ್ತೆ, 1983ರದ್ದೊಂದು, 2018ರದ್ದೊಂದು.