ಮುಸುಕಿನ ಜೋಳದ ವಡೆ ಎಣ್ಣೆಯಲ್ಲಿ ಒಡೆಯದಂತೆ ಮಾಡುವುದು ಹೇಗೆ?

ಸ್ವೀಟ್ ಕಾರ್ನ್ ರುಬ್ಬಿ ವಡೆ ಬಿಟ್ಟರೆ ಎಣ್ಣೆಯಲ್ಲೇ ಚೂರುಚೂರಾಗುತ್ತದೆ, ಕಡಲೆಹಿಟ್ಟು ಹಾಕಿದರೆ ನಿಲ್ಲುತ್ತದೆ ಆದರೆ ಬಜ್ಜಿ ತಿಂದ ಹಾಗಿರುತ್ತದೆ ಅಂತ ಕೇಳಿದ್ದೀರಿ. ತೊಂದರೆ ನಿಮ್ಮ ಕೈಯಲ್ಲಿಲ್ಲ, ಜೋಳದಲ್ಲಿದೆ.

ಸ್ವೀಟ್ ಕಾರ್ನ್ ಕಾಳಿನಲ್ಲಿ ಸಕ್ಕರೆ ಜಾಸ್ತಿ, ನೀರು ಜಾಸ್ತಿ, ಪಿಷ್ಟ ಕಡಿಮೆ. ವಡೆಯನ್ನು ಹಿಡಿದು ನಿಲ್ಲಿಸುವುದು ಆ ಪಿಷ್ಟವೇ ಅಲ್ವಾ? ಸಾಲದ್ದಕ್ಕೆ ಸಕ್ಕರೆ ಇರುವುದರಿಂದ ಹೊರಗೆ ಬೇಗ ಕಪ್ಪಾಗುತ್ತದೆ, ಒಳಗೆ ಹಸಿಯಾಗಿಯೇ ಉಳಿಯುತ್ತದೆ. ವಡೆಗೆ ಬೇಕಾದದ್ದು ಮಳೆಗಾಲದಲ್ಲಿ ರಸ್ತೆ ಬದಿ ಕೆಂಡದ ಮೇಲೆ ಸುಟ್ಟು, ನಿಂಬೆಹಣ್ಣು ಖಾರ ಸವರಿ ಕೊಡುತ್ತಾರಲ್ಲ, ಆ ಮಾಮೂಲಿ ಮುಸುಕಿನ ಜೋಳ. ದಾವಣಗೆರೆ, ಹಾವೇರಿ ಕಡೆಯವರಾದರೆ ಹೊಲದಿಂದಲೇ ತರಬಹುದು.

ತೆನೆ ಆರಿಸುವುದರಲ್ಲೇ ಅರ್ಧ ಕೆಲಸ ಮುಗಿಯುತ್ತದೆ. ಸಿಪ್ಪೆ ಸ್ವಲ್ಪ ಸರಿಸಿ ಒಂದು ಕಾಳಿಗೆ ಉಗುರು ಚುಚ್ಚಿ. ತೆಳು ನೀರು ಬಂದರೆ ಇನ್ನೂ ಎಳಸು. ಬಿಳಿ ಹಾಲು ಚಿಮ್ಮಿದರೆ ಅದೇ ಹದ. ಉಗುರೇ ಇಳಿಯದಿದ್ದರೆ ಬಲಿತಿದೆ, ಅದನ್ನು ಬೇಯಿಸಿಕೊಂಡು ತಿನ್ನಿ. ತಂದ ದಿನವೇ ಮಾಡಿ. ಇಟ್ಟಷ್ಟೂ ಕಾಳಿನ ಸಿಹಿ ಇಳಿದು ಸಪ್ಪೆಯಾಗುತ್ತದೆ.

ಕಾಳು ಬಿಡಿಸಲು ಚಾಕು ಬೇಡ. ಮೊದಲು ಒಂದು ಸಾಲನ್ನು ಚಮಚದ ತುದಿಯಿಂದ ಎಬ್ಬಿಸಿ ತೆಗೆಯಿರಿ. ಆಮೇಲೆ ಪಕ್ಕದ ಸಾಲನ್ನು ಹೆಬ್ಬೆರಳಿನಲ್ಲಿ ಆ ಖಾಲಿ ಜಾಗಕ್ಕೆ ಒತ್ತಿದರೆ ಕಾಳುಗಳು ಬುಡಸಮೇತ ಪಟಪಟ ಉದುರುತ್ತವೆ. ಚಾಕುವಿನಲ್ಲಿ ಕೊಯ್ದರೆ ಅರ್ಧ ಹಾಲು ದಿಂಡಿನಲ್ಲೇ ಉಳಿದುಬಿಡುತ್ತದೆ.

ಎರಡು ಲೋಟ ಕಾಳಿಗೆ ಅರ್ಧ ಲೋಟ ಕಡಲೆಬೇಳೆಯನ್ನು ಎರಡು ಗಂಟೆ ನೆನೆಸಿ, ನೀರು ಪೂರ್ತಿ ಬಸಿದುಬಿಡಿ. ಹಸಿಮೆಣಸಿನಕಾಯಿ, ಶುಂಠಿ, ಜೀರಿಗೆ, ಇಂಗಿನ ಜೊತೆ ಮೊದಲು ಬೇಳೆಯನ್ನು ತರಿತರಿಯಾಗಿ ರುಬ್ಬಿ ತೆಗೆದಿಡಿ. ಆಮೇಲೆ ಅದೇ ಜಾರಿಗೆ ಜೋಳ ಹಾಕಿ ನಿಲ್ಲಿಸಿ ನಿಲ್ಲಿಸಿ ತಿರುಗಿಸಿ. ಒಂದು ತೊಟ್ಟು ನೀರೂ ಹಾಕಬೇಡಿ. ಮಿಕ್ಸಿ ಓಡದಿದ್ದರೆ ಜಾರನ್ನು ಅಲ್ಲಾಡಿಸಿ ಮತ್ತೆ ಓಡಿಸಿ, ಜೋಳದ ಹಾಲೇ ಸಾಕಾಗುತ್ತದೆ.

ನೋಡಲು ಚೆನ್ನಾಗಿರುತ್ತದೆ ಅಂತ ಕೆಲವರು ಒಂದು ಹಿಡಿ ಇಡೀ ಕಾಳು ಬೆರೆಸುತ್ತಾರೆ. ದಯವಿಟ್ಟು ಬೇಡ. ಕಾಳಿನ ಸಿಪ್ಪೆಯೊಳಗೆ ನೀರು ಆವಿಯಾಗಿ, ಹೊರಗೆ ಹೋಗಲು ದಾರಿ ಸಿಗದೆ ಸಿಡಿಯುತ್ತದೆ. ಕಾದ ಎಣ್ಣೆ ಮುಖಕ್ಕೇ ಹಾರುತ್ತದೆ. ಬಾಯಿಗೆ ಕಾಳು ಸಿಗಲೇಬೇಕು ಅನ್ನುವವರು ಕುಟ್ಟಾಣಿಯಲ್ಲಿ ಒಂದೇಟು ಜಜ್ಜಿ ಹಾಕಿ.

ರುಬ್ಬಿದ ಬೇಳೆ, ಜೋಳ ಎರಡನ್ನೂ ಕಲಸಿ, ಅದಕ್ಕೆ ಸಣ್ಣಗೆ ಹೆಚ್ಚಿದ ಈರುಳ್ಳಿ, ಕರಿಬೇವು, ಸಬ್ಬಸಿಗೆ ಸೊಪ್ಪು, ಎರಡು ಚಮಚ ಅಕ್ಕಿಹಿಟ್ಟು. ಕೊತ್ತಂಬರಿ ಸೊಪ್ಪೂ ಆಗುತ್ತದೆ, ಆದರೆ ಜೋಳದ ಸಿಹಿಗೆ ಸಬ್ಬಸಿಗೆ ಹೊಂದಿದಷ್ಟು ಬೇರೇನೂ ಹೊಂದುವುದಿಲ್ಲ. ಉಪ್ಪು ಮಾತ್ರ ಎಣ್ಣೆ ಕಾದ ಮೇಲೆಯೇ ಹಾಕಿ. ಮೊದಲೇ ಹಾಕಿದರೆ ಈರುಳ್ಳಿ ನೀರು ಬಿಟ್ಟು ಹಿಟ್ಟು ಸಡಿಲವಾಗುತ್ತದೆ, ಆಗ ಮತ್ತೆ ಕಡಲೆಹಿಟ್ಟಿನ ಡಬ್ಬಕ್ಕೆ ಕೈ ಹೋಗುತ್ತದೆ. ಸೋಡಾ ಬೇಡವೇ ಬೇಡ, ಎಣ್ಣೆ ಕುಡಿಯುತ್ತದೆ.

ಚಿಟಿಕೆ ಹಿಟ್ಟು ಎಣ್ಣೆಗೆ ಹಾಕಿ ನೋಡಿ. ತಳಕ್ಕೆ ಹೋಗಿ ನಿಧಾನವಾಗಿ ಮೇಲೆ ಬರಬೇಕು. ಹಾಕಿದ ಕೂಡಲೇ ಮೇಲೆದ್ದು ಕೆಂಪಾದರೆ ಉರಿ ತಗ್ಗಿಸಿ. ಅಂಗೈ ಒದ್ದೆ ಮಾಡಿಕೊಂಡು ಆಂಬೊಡೆಗಿಂತ ತುಸು ತೆಳ್ಳಗೆ ತಟ್ಟಿ, ಬಾಣಲೆಗೆ ನಾಲ್ಕೈದೇ ಬಿಡಿ. ಬಿಟ್ಟ ಮೇಲೆ ಒಂದು ನಿಮಿಷ ಜಾಲರಿ ತಾಗಿಸಬೇಡಿ. ಸುಮ್ನೆ ಕೆದಕುವುದರಿಂದಲೇ ಎಷ್ಟೋ ವಡೆ ಒಡೆಯುತ್ತವೆ. ಅಂಚು ಕೆಂಪಗಾದ ಮೇಲೆ ಮಗುಚಿ, ನೊರೆ ಕಡಿಮೆಯಾದಾಗ ತೆಗೆಯಿರಿ. ಜೊತೆಗೆ ಕಾಯಿ ಚಟ್ನಿ ಇದ್ದರೆ ಸಾಕು.

ಊರಲ್ಲಿ ಸ್ವೀಟ್ ಕಾರ್ನ್ ಬಿಟ್ಟು ಬೇರೆ ಸಿಗುವುದೇ ಇಲ್ಲ ಅಂದರೆ, ರುಬ್ಬಿದ್ದನ್ನು ಬಟ್ಟೆಯಲ್ಲಿ ಹಾಕಿ ಹಗುರವಾಗಿ ಹಿಂಡಿ, ಕಡಲೆಬೇಳೆ ಒಂದು ಲೋಟಕ್ಕೆ ಏರಿಸಿ. ಉರಿಯನ್ನು ಮಧ್ಯಮಕ್ಕಿಂತಲೂ ಕಮ್ಮಿ ಇಡಿ. ಫ್ರೀಜರಿನ ಕಾಳಾದರೆ ಮೊದಲು ಕರಗಲು ಬಿಟ್ಟು, ಬಟ್ಟೆಯ ಮೇಲೆ ಹರಡಿ ಪಸೆ ಆರಿಸಿಕೊಳ್ಳಿ. ಹಿಂಡಿದ ಹಾಲನ್ನು ಚೆಲ್ಲಬೇಡಿ, ಸಾರಿಗೆ ಹಾಕಿದರೆ ರುಚಿ.

ಹಿಟ್ಟು ಮಿಕ್ಕರೆ ಮಾರನೇ ದಿನ ವಡೆಗೆ ಬರುವುದಿಲ್ಲ, ಫ್ರಿಜ್‌ನಲ್ಲಿಟ್ಟರೂ ನೀರು ಬಿಟ್ಟಿರುತ್ತದೆ. ಒಂದಷ್ಟು ಅಕ್ಕಿಹಿಟ್ಟು ಕಲಸಿ ಹೆಂಚಿನ ಮೇಲೆ ರೊಟ್ಟಿ ತಟ್ಟಿಬಿಡಿ.