ಎಐ ಬಂದ ಮೇಲೆ ಪಿಸಿ ನಿಧಾನವೇ? ಕ್ಯಾಮೆರಾ ಬದಲಿಸಬೇಡಿ

ಪ್ರಶ್ನೆ: ಮನೆಯಲ್ಲಿ ನಾಲ್ಕು ಕ್ಯಾಮೆರಾ, ನಾಲ್ಕನೇ ತಲೆಮಾರಿನ ಐ5 ಪಿಸಿ. ಚಿತ್ರದಲ್ಲಿ ಮನುಷ್ಯ, ವಾಹನ ಗುರುತಿಸುವ ಎಐಗೆ ಮೊದಲು ಬೇರೆ ಸಾಫ್ಟ್‌ವೇರ್ ಇತ್ತು. ಈಗ ಕ್ಯಾಮೆರಾ ರೆಕಾರ್ಡಿಂಗ್ ಸಾಫ್ಟ್‌ವೇರ್‌ನ, ಎಐ ಒಳಗೇ ಇರುವ ಹೊಸ ವರ್ಷನ್ ಹಾಕಿದೆ. ಸಿಪಿಯು ಸದಾ 100 ಪರ್ಸೆಂಟ್, ವಿಡಿಯೊ ತಡವರಿಸುತ್ತಿದೆ. ಕ್ಯಾಮೆರಾ ಬದಲಿಸಿ ಅನ್ನುತ್ತಾರೆ ಅಂಗಡಿಯವರು. (ವಿದ್ಯಾನಗರ, ಹುಬ್ಬಳ್ಳಿ)

ಉತ್ತರ: ಈ ಪ್ರಶ್ನೆ ಪ್ರತಿ ಸಲ ಬರುತ್ತದೆ, ಅಂಗಡಿಯವರ ಉತ್ತರವೂ ಪ್ರತಿ ಸಲ ಅದೇ. ಅವರಿಗೆ ಮಾರುವುದು ಗೊತ್ತು, ಟಾಸ್ಕ್ ಮ್ಯಾನೇಜರ್ ತೆರೆದು ನೋಡುವುದು ಗೊತ್ತಿಲ್ಲ.

ಹಳೆಯ ಎಐ ತೆಗೆದಿರಾ? ಕೋಡ್‌ಪ್ರಾಜೆಕ್ಟ್ ಎಐ ಥರದ ಬೇರೆ ಎಐ ಸಾಫ್ಟ್‌ವೇರ್ ನೀವು ಮರೆತರೂ ಹಿಂದೆ ಓಡುತ್ತಲೇ ಇರುತ್ತದೆ. ಎರಡೂ ಆನ್ ಇದ್ದರೆ ಒಂದೇ ಚಿತ್ರಕ್ಕೆ ಎರಡು ಸಲ ಕೆಲಸ.

ಆದರೂ ನನ್ನ ಅನುಮಾನ ಮೇನ್ ಸ್ಟ್ರೀಮ್ ಮೇಲೆ, ಅಂದರೆ ಕ್ಯಾಮೆರಾ ಕಳಿಸುವ ದೊಡ್ಡ ವಿಡಿಯೊ ಮೇಲೆ. ಅದು ಎಚ್.265 ಎಂಬ ವಿಧಾನದಲ್ಲಿ ಒತ್ತಿ ಚಿಕ್ಕದು ಮಾಡಿದ ವಿಡಿಯೊ ಇರಬೇಕು. ನಿಮ್ಮ ಪಿಸಿಯ ಗ್ರಾಫಿಕ್ಸ್‌ಗೆ ಅದನ್ನು ಬಿಡಿಸಲು ಬರುವುದಿಲ್ಲ. ಇಂಟೆಲ್‌ನಲ್ಲಿ ಸರಿಯಾಗಿ ಬಂದದ್ದು 6ನೇ ತಲೆಮಾರಿನಿಂದ. ಹಾಗಾಗಿ ಎಲ್ಲ ಭಾರ ಸಿಪಿಯು ಮೇಲೆ. ಅಷ್ಟು ಒದ್ದಾಡಿ ಬಿಡಿಸಿದ ದೊಡ್ಡ ಚಿತ್ರವನ್ನು ಎಐ ಏನು ಮಾಡುತ್ತದೆ? ಸಾಮಾನ್ಯವಾಗಿ 320 ಇಲ್ಲವೇ 640 ಪಿಕ್ಸೆಲ್‌ಗೆ ಕುಗ್ಗಿಸಿಯೇ ನೋಡುತ್ತದೆ. ಸುಮ್ನೆ ದಂಡ ಅಲ್ವಾ?

ಪ್ರತಿ ಕ್ಯಾಮೆರಾದ ಸಬ್ ಸ್ಟ್ರೀಮ್ (ಅದೇ ಕ್ಯಾಮೆರಾ ಕಳಿಸುವ ಚಿಕ್ಕ ವಿಡಿಯೊ) ಅನ್ನು ಹಳೆಯ ವಿಧಾನವಾದ ಎಚ್.264ಕ್ಕೆ ತನ್ನಿ. 640×360, ಸೆಕೆಂಡಿಗೆ 5 ಫ್ರೇಮ್ ಸಾಕು. ಎಐಗೆ ಅದನ್ನೇ ಕೊಡಿ. ಮೇನ್ ಸ್ಟ್ರೀಮ್ ಬಿಡಿಸದೆ ನೇರ ಡಿಸ್ಕ್‌ಗೆ ಹೋಗಲಿ. ಗೇಟು ದೂರ ಇದ್ದರೆ ಆ ಒಂದು ಕ್ಯಾಮೆರಾಗೆ ಮಾತ್ರ 720ಪಿ ಇಡಿ.

ಅಪ್‌ಡೇಟ್‌ಗೆ ಮೊದಲು ಸೆಟ್ಟಿಂಗ್, ಡೇಟಾಬೇಸ್ ಕಾಪಿ ಇಟ್ಟಿರಾ? ನೀವು ಬರೆದಿಲ್ಲ. ಇಟ್ಟಿಲ್ಲ ಅಂದರೆ ಹಳೆಯ ವರ್ಷನ್‌ಗೆ ಮರಳಲು ಹೋಗಬೇಡಿ. ಹೊಸದು ತಿದ್ದಿದ ಡೇಟಾಬೇಸ್ ಅನ್ನು ಹಳೆಯದು ಓದುತ್ತದೆ ಅಂತ ನಂಬುವ ಹಾಗಿಲ್ಲ. ನಾನಂತೂ ಹೊಸ ವರ್ಷನ್ ಬಂದು ತಿಂಗಳಾಗುವವರೆಗೆ ಯಾರ ಮನೆಯಲ್ಲೂ ಹಾಕುವುದಿಲ್ಲ. ಬೈದರೆ ಬೈಯಲಿ.

ಪ್ರಶ್ನೆ: ಓಣಿಯ ಹಂದಿಯನ್ನು ನಾಯಿ ಅನ್ನುತ್ತದೆ, ಆಟೋವನ್ನು ಕಾರು ಅನ್ನುತ್ತದೆ. ಎಐ ಕೆಟ್ಟಿದೆಯೇ? (ಕೇಶ್ವಾಪುರ)

ಉತ್ತರ: ಕೆಟ್ಟಿಲ್ಲ. ಇಂಥ ಮಾಡೆಲ್‌ಗಳು ಹೆಚ್ಚಾಗಿ ಕಲಿಯುವುದು ಕೋಕೊ ಎಂಬ ಚಿತ್ರಸಂಗ್ರಹದಿಂದ. ಅದರ 80 ಹೆಸರುಗಳಲ್ಲಿ ಜಿರಾಫೆ ಇದೆ, ಜೀಬ್ರಾ ಇದೆ. ಹಂದಿ ಇಲ್ಲ, ಆಟೋ ಇಲ್ಲ. ಹುಬ್ಬಳ್ಳಿ ನೋಡಿ ಮಾಡಿದ ಪಟ್ಟಿ ಅಲ್ಲ ಅದು. ಮನುಷ್ಯರಿಗೆ ಮಾತ್ರ ಅಲರ್ಟ್ ಇಟ್ಟುಕೊಳ್ಳಿ.

ಪ್ರಶ್ನೆ: ಎಐ ಇದ್ದರೆ ಚಿಕ್ಕ ಡಿಸ್ಕ್ ಸಾಕೇ? (ಗದಗ)

ಉತ್ತರ: ದಿನವಿಡೀ ರೆಕಾರ್ಡ್ ಮಾಡಿದರೆ ಸಾಲದು. 4 ಎಂಬಿಪಿಎಸ್ ಕ್ಯಾಮೆರಾ ಒಂದಕ್ಕೆ ದಿನಕ್ಕೆ ಸುಮಾರು 43 ಜಿಬಿ. ಲೆಕ್ಕ ನೀವೇ ಹಾಕಿ.

ಪ್ರಶ್ನೆ: ಮಗ ಬೆಂಗಳೂರಿನಿಂದ ನೋಡಲಿ ಅಂತ ಟೆಕ್ನಿಷಿಯನ್ ರೂಟರ್‌ನಲ್ಲಿ ಪೋರ್ಟ್ (ಇಂಟರ್ನೆಟ್‌ನಿಂದ ಒಳಗೆ ಬರುವ ದಾರಿ) ತೆರೆದಿದ್ದಾರೆ. ಪಾಸ್‌ವರ್ಡ್ ಇದೆ, ಭಯ ಬೇಡ ಅನ್ನುತ್ತಾರೆ. (ಹಾವೇರಿ)

ಉತ್ತರ: ಇವತ್ತೇ ಮುಚ್ಚಿಸಿ, ವೈರ್‌ಗಾರ್ಡ್ ಹಾಕಿಸಿ. ಅದು ವಿಪಿಎನ್, ಅಂದರೆ ನೀವು ಕೀಲಿ ಕೊಟ್ಟವರಿಗೆ ಮಾತ್ರ ತೆರೆಯುವ ದಾರಿ. ಆ ಪಾಸ್‌ವರ್ಡ್ ಏನು ಅಂತಲೂ ಕೇಳಿ. ಅಡ್ಮಿನ್ 123 ಅಂದರೆ ಟೆಕ್ನಿಷಿಯನ್‌ನನ್ನೂ ಬದಲಿಸಿ.