ನಿಕ್ ಡ್ರೇಕ್ ಅವರಿಗೆ ಬದುಕಿದ್ದಾಗ ಹೆಸರು ಬರಲಿಲ್ಲವೇಕೆ?

ಇಂಗ್ಲೆಂಡಿನ ಗಾಯಕ, ಗೀತರಚನೆಕಾರ ನಿಕ್ ಡ್ರೇಕ್ ಅವರ ಸೋಲಿಗೆ ಧ್ವನಿಮುದ್ರಣ ಸಂಸ್ಥೆಯ ಉದಾಸೀನವೇ ಕಾರಣವೇ ಎಂದು ತಾವು ಕೇಳಿದ್ದೀರಿ. ಹಾಗೆ ಹೇಳುವುದು ನ್ಯಾಯವಲ್ಲವೆಂದು ನನ್ನ ಅಭಿಪ್ರಾಯ. ಹೆಚ್ಚು ಮಾರಾಟವಾಗದಿದ್ದರೂ ಐಲ್ಯಾಂಡ್ ಸಂಸ್ಥೆಯು 1969ರಿಂದ 1972ರವರೆಗೆ ಅವರ ಮೂರು ಆಲ್ಬಂಗಳನ್ನು ಹೊರತಂದಿತು. ಮೊದಲೆರಡರ ನಿರ್ಮಾಪಕ ಜೋ ಬಾಯ್ಡ್ ಅವರಂತೂ ಡ್ರೇಕ್ ಪ್ರತಿಭೆಯನ್ನು ಮನಸಾರೆ ನಂಬಿದ್ದರು. ನಿಜವಾದ ತೊಡಕು ವೇದಿಕೆಯದಾಗಿತ್ತು. ಹಾಡಿನಿಂದ ಹಾಡಿಗೆ ಗಿಟಾರಿನ ಶ್ರುತಿಯನ್ನೇ ಬದಲಿಸಬೇಕಾಗುತ್ತಿದ್ದುದರಿಂದ, ಸಂಕೋಚ ಸ್ವಭಾವದ ಅವರು ಒಂದು ಮಾತೂ ಆಡದೆ ತಲೆ ತಗ್ಗಿಸಿ ಬಿರಡೆ ತಿರುಗಿಸುತ್ತಾ ಕುಳಿತರೆ, ಸಭಿಕರು ತಮ್ಮತಮ್ಮಲ್ಲೇ ಹರಟೆಗಿಳಿಯುತ್ತಿದ್ದರು. ಕ್ರಮೇಣ ಅವರು ಸಂಗೀತ ಕಚೇರಿಗಳನ್ನೇ ನಿಲ್ಲಿಸಿದರು. ಸಂದರ್ಶನಗಳಂತೂ ಇಲ್ಲವೆನ್ನುವಷ್ಟು ವಿರಳ. ಖಿನ್ನತೆಯೂ ಜೊತೆಗಿತ್ತು. 1974ರ ನವೆಂಬರ್‌ನಲ್ಲಿ, 26ನೆಯ ವಯಸ್ಸಿನಲ್ಲಿ, ಅವರು ತೀರಿಕೊಂಡರು.

ಅವರ ಹಾಡುಗಳನ್ನು ಕೇಳಲು ಎಲ್ಲಿಂದ ಆರಂಭಿಸಬೇಕೆಂಬ ತಮ್ಮ ಎರಡನೆಯ ಪ್ರಶ್ನೆಗೆ, ‘ಪಿಂಕ್ ಮೂನ್’ ಎಂದೇ ಹೇಳುತ್ತೇನೆ. 1971ರ ಅಕ್ಟೋಬರ್‌ನ ಎರಡು ರಾತ್ರಿಗಳಲ್ಲಿ ಮುದ್ರಿತವಾದ ಈ ಆಲ್ಬಂನಲ್ಲಿ ಕಂಠ, ಗಿಟಾರ್ ಹಾಗೂ ಶೀರ್ಷಿಕೆಗೀತೆಯಲ್ಲಿ ಬರುವ ಪುಟ್ಟ ಪಿಯಾನೋ ನುಡಿಕೆಯ ಹೊರತು ಬೇರೇನೂ ಇಲ್ಲ. ವಿಚಿತ್ರವೆಂದರೆ, ಸುಮಾರು ಕಾಲು ಶತಮಾನದ ಬಳಿಕ ಅಮೆರಿಕದಲ್ಲಿ ಆ ಗೀತೆಗೆ ಹೊಸ ಕೇಳುಗರನ್ನು ತಂದುಕೊಟ್ಟದ್ದು ವೋಕ್ಸ್‌ವ್ಯಾಗನ್ ಕಾರಿನ ಜಾಹೀರಾತು.